ಗೆರೆಯಾಚೆ ನಿಂತವರು

1985ರ ಸೆಪ್ಟೆಂಬರ್ 10ರ ರಾತ್ರಿ, ಕಾರ್ಡಿಫ್‌ನ ನಿನಿಯನ್ ಪಾರ್ಕ್ ಮೈದಾನ. ಮರುವರ್ಷದ ಮೆಕ್ಸಿಕೊ ವಿಶ್ವಕಪ್ಪಿನ ಆಸೆ ಉಳಿಯಬೇಕಾದರೆ ಸ್ಕಾಟ್ಲೆಂಡ್ ತಂಡ ವೇಲ್ಸ್ ಎದುರು ಸೋಲಬಾರದಿತ್ತು. ಆದರೆ ಆಟ ಶುರುವಾಗಿ ಕಾಲು ಗಂಟೆ ಕಳೆಯುವುದರೊಳಗೆ ಮಾರ್ಕ್ ಹ್ಯೂಸ್ ಗೋಲು ಹೊಡೆದು ವೇಲ್ಸ್‌ಗೆ ಮುನ್ನಡೆ ಕೊಟ್ಟಿದ್ದರು. ವಿರಾಮದಲ್ಲಿ ಡ್ರೆಸಿಂಗ್ ರೂಮಿಗೆ ಬಂದ ಸ್ಕಾಟ್ಲೆಂಡ್ ಗೋಲ್‌ಕೀಪರ್ ಜಿಮ್ ಲೇಟನ್ ಯಾರೂ ನಿರೀಕ್ಷಿಸದ ಸಂಗತಿಯೊಂದನ್ನು ಹೇಳಿದರು. ಅವರ ಕಾಂಟ್ಯಾಕ್ಟ್ ಲೆನ್ಸ್ ಕಳೆದುಹೋಗಿತ್ತು. ಬದಲಿಗೆ ಹಾಕಿಕೊಳ್ಳಲು ಇನ್ನೊಂದು ಜೊತೆ ತಂದಿರಲಿಲ್ಲ. ಚೆಂಡು ಸರಿಯಾಗಿ ಕಾಣುತ್ತಿರಲಿಲ್ಲ.

ಲೇಟನ್ ಲೆನ್ಸ್ ಹಾಕಿಕೊಳ್ಳುತ್ತಾರೆ ಎಂಬುದೇ ತಂಡದ ಮ್ಯಾನೇಜರ್ ಜಾಕ್ ಸ್ಟೀನ್‌ಗೆ ಗೊತ್ತಿರಲಿಲ್ಲ. ಅವರು ಪಕ್ಕದಲ್ಲಿದ್ದ ಸಹಾಯಕನ ಕಡೆ ತಿರುಗಿದರು. ಆ ಸಹಾಯಕ ಅಲೆಕ್ಸ್ ಫರ್ಗುಸನ್. ಲೇಟನ್ ವರ್ಷಗಟ್ಟಲೆ ಆಡಿದ್ದು ಫರ್ಗುಸನ್ ನಡೆಸುತ್ತಿದ್ದ ಅಬರ್ಡೀನ್ ಕ್ಲಬ್ಬಿಗೆ. ಗೊತ್ತಿದ್ದೂ ತನ್ನಿಂದ ಮುಚ್ಚಿಟ್ಟರೇ ಎಂಬ ಅನುಮಾನ ಸ್ಟೀನ್‌ರದು. ನಿಜ ಏನೆಂದರೆ ಫರ್ಗುಸನ್‌ಗೂ ಅದು ಗೊತ್ತಿರಲಿಲ್ಲ. ದಿನಬೆಳಗಾದರೆ ಮುಖ ನೋಡುತ್ತಿದ್ದ ಹುಡುಗನ ಕಣ್ಣಿನ ವಿಷಯ ಅವರಿಗೂ ತಿಳಿದದ್ದು ಅವತ್ತೇ.

ದ್ವಿತೀಯಾರ್ಧಕ್ಕೆ ಲೇಟನ್ ಜಾಗದಲ್ಲಿ ಅಲನ್ ರಫ್ ಇಳಿದರು. 81ನೇ ನಿಮಿಷದಲ್ಲಿ ಡೇವಿ ಕೂಪರ್ ಪೆನಾಲ್ಟಿಯನ್ನು ಗೋಲಾಗಿಸಿ ಸಮ ಮಾಡಿದರು. ಪಂದ್ಯ ಮುಗಿಯುವ ಹೊತ್ತಿಗೆ ಸ್ಟೀನ್ ಕುಸಿದರು. ಹೃದಯದ ತೊಂದರೆ ಅವರಿಗೆ ಹಳೆಯದು. ಮೈದಾನದ ವೈದ್ಯಕೀಯ ಕೋಣೆಗೆ ಹೊತ್ತೊಯ್ದರು. ಜನ ಇನ್ನೂ ಕ್ರೀಡಾಂಗಣದಿಂದ ಚದುರುತ್ತಿದ್ದಾಗ ಒಳಗೆ ಅವರ ಪ್ರಾಣ ಹೋಗಿತ್ತು. ವಯಸ್ಸು 62.

ಸ್ಟೀನ್ ಸಾವಿನ ಕಥೆಯನ್ನು ಫುಟ್‌ಬಾಲ್ ಬಲ್ಲವರು ಮತ್ತೆ ಮತ್ತೆ ಹೇಳುತ್ತಾರೆ. ನನ್ನ ಮನಸ್ಸಿನಲ್ಲಿ ಕೂತಿರುವುದು ಅದಕ್ಕೂ ಮುಂಚಿನ ವಿರಾಮದ ಹದಿನೈದು ನಿಮಿಷ. ಸೋಲುತ್ತಿರುವ ತಂಡ, ಮುಂದೆ ಬರೀ ನಲವತ್ತೈದು ನಿಮಿಷದ ಆಟ. ಆ ಗಳಿಗೆಯಲ್ಲಿ ಇಬ್ಬರು ಮಹಾ ಮ್ಯಾನೇಜರುಗಳನ್ನು ಕಲಕಿದ್ದು ತಂತ್ರದ ಮಾತಲ್ಲ, ತನ್ನ ಹುಡುಗನ ಬಗ್ಗೆ ತನಗೆ ತಿಳಿಯದೆ ಉಳಿದುಹೋದ ಒಂದು ಸಂಗತಿ. ಈ ಕೆಲಸ ಏನೆಂದು ಅರಿಯಲು ಇದಕ್ಕಿಂತ ಒಳ್ಳೆಯ ಬಾಗಿಲು ನನಗೆ ಕಂಡಿಲ್ಲ.

ಕ್ರಿಕೆಟ್ ನೋಡಿ ಬೆಳೆದ ನಮಗೆ ಫುಟ್‌ಬಾಲ್ ಮ್ಯಾನೇಜರ್ ಎಂಬ ಮನುಷ್ಯನ ತೂಕ ತಟ್ಟನೆ ಹತ್ತುವುದಿಲ್ಲ. ಕ್ರಿಕೆಟ್ಟಿನಲ್ಲಿ ಬೌಲರ್ ಬದಲಿಸುವುದು, ಫೀಲ್ಡಿಂಗ್ ನಿಲ್ಲಿಸುವುದು ಎಲ್ಲ ಮೈದಾನದೊಳಗಿರುವ ನಾಯಕನ ಕೆಲಸ. ಫುಟ್‌ಬಾಲ್‌ನಲ್ಲಿ ನಾಯಕ ಟಾಸ್‌ಗೆ ನಿಲ್ಲುತ್ತಾನೆ, ತೋಳಿಗೆ ಪಟ್ಟಿ ಕಟ್ಟಿಕೊಳ್ಳುತ್ತಾನೆ, ಹುರಿದುಂಬಿಸುತ್ತಾನೆ. ಯಾರು ಆಡಬೇಕು, ಎಲ್ಲಿ ಆಡಬೇಕು, ಯಾರನ್ನು ಕೊಳ್ಳಬೇಕು, ಯಾರನ್ನು ಬಿಡಬೇಕು ಎಂಬುದೆಲ್ಲ ಗೆರೆಯಾಚೆ ನಿಂತವನ ಪಾಲಿಗೆ. ಆಟ ಶುರುವಾದ ಮೇಲೆ ಅವನ ಕೈಯಲ್ಲಿ ಉಳಿಯುವುದು ತೀರಾ ಕಡಿಮೆ. ಅದರಲ್ಲೂ ಇಂಗ್ಲಿಷ್ ಲೀಗ್‌ನಲ್ಲಿ 1965ರವರೆಗೆ ಬದಲಿ ಆಟಗಾರನನ್ನು ಇಳಿಸುವ ಅವಕಾಶವೇ ಇರಲಿಲ್ಲ. ಆಮೇಲೂ ಮೊದಮೊದಲಿಗೆ ಗಾಯಗೊಂಡವನ ಬದಲಿಗೆ ಮಾತ್ರ. ಆ ವರ್ಷದ ಎಫ್‌ಎ ಕಪ್ ಫೈನಲ್‌ನಲ್ಲಿ ಲಿವರ್‌ಪೂಲ್‌ನ ಜೆರಿ ಬರ್ನ್ ಮೊದಲ ಕೆಲ ನಿಮಿಷಗಳಲ್ಲೇ ಕೊರಳೆಲುಬು ಮುರಿದುಕೊಂಡರು. ಹೆಚ್ಚುವರಿ ಸಮಯವೂ ಸೇರಿ ಪೂರ್ತಿ ಪಂದ್ಯವನ್ನು ಅದೇ ಸ್ಥಿತಿಯಲ್ಲಿ ಆಡಿ ಮುಗಿಸಿದರು. ಹೊರಗೆ ನಿಂತ ಮ್ಯಾನೇಜರ್ ನೋಡುವುದಷ್ಟನ್ನೇ ಮಾಡಬಹುದಿತ್ತು.

ಹಾಗಾಗಿ ಮ್ಯಾನೇಜರ್ ಮಾಡುವುದನ್ನೆಲ್ಲ ಪಂದ್ಯಕ್ಕೆ ಮೊದಲೇ ಮಾಡಿರಬೇಕು. ಈ ಹುದ್ದೆಗೆ ಅಂಥ ಅಧಿಕಾರ ಮೊದಲಿನಿಂದ ಇದ್ದದ್ದೂ ಅಲ್ಲ. ಬ್ರಿಟನ್ನಿನ ಹಳೆಯ ಕ್ಲಬ್ಬುಗಳಲ್ಲಿ ಊರಿನ ವ್ಯಾಪಾರಿಗಳೂ ಕಾರ್ಖಾನೆ ಮಾಲೀಕರೂ ಆಗಿದ್ದ ನಿರ್ದೇಶಕರು ಒಟ್ಟಿಗೆ ಕೂತು ಹನ್ನೊಂದು ಜನರನ್ನು ಆರಿಸುತ್ತಿದ್ದರು. ಮ್ಯಾನೇಜರ್ ಎಂದರೆ ಕಾರ್ಯದರ್ಶಿಯ ಇನ್ನೊಂದು ಹೆಸರು. ಇದನ್ನು ಮುರಿದವರಲ್ಲಿ ಮೊದಲು ನೆನೆಯಬೇಕಾದವರು ಹಡರ್ಸ್‌ಫೀಲ್ಡ್ ಮತ್ತು ಆರ್ಸೆನಲ್ ಕ್ಲಬ್ಬುಗಳನ್ನು ಕಟ್ಟಿದ ಹರ್ಬರ್ಟ್ ಚಾಪ್ಮನ್. ಅವರು ಗಣಿ ಊರಿನವರು. ನೆಗಡಿ, ಜ್ವರ ಇದ್ದರೂ ವೈದ್ಯರ ಮಾತು ಮೀರಿ ಆರ್ಸೆನಲ್‌ನ ಮೂರನೇ ತಂಡದ ಆಟ ನೋಡಲು ಹೋದರು. ಅದು ನ್ಯುಮೋನಿಯಾಕ್ಕೆ ತಿರುಗಿ 1934ರ ಜನವರಿಯಲ್ಲಿ ತೀರಿಕೊಂಡರು. ಮೂರನೇ ತಂಡದ ಪಂದ್ಯವನ್ನೂ ಬಿಡಲಾಗದ ಆ ಚಡಪಡಿಕೆ ಅವರ ಹಿಂದೆ ಬಂದವರಿಗೆಲ್ಲ ಆಸ್ತಿಯ ಹಾಗೆ ಇಳಿದು ಬಂತು.

ಹಿಂದೆ ಬಂದವರಲ್ಲಿ ಮೂವರು ಒಂದೇ ಸೀಮೆಯವರು. ಮ್ಯಾಟ್ ಬಸ್ಬಿ, ಬಿಲ್ ಶ್ಯಾಂಕ್ಲಿ, ಜಾಕ್ ಸ್ಟೀನ್. ಮ್ಯಾಂಚೆಸ್ಟರ್ ಯುನೈಟೆಡ್, ಲಿವರ್‌ಪೂಲ್, ಸೆಲ್ಟಿಕ್ ಎಂಬ ಹೆಸರುಗಳು ಇಂದು ಲೋಕದ ಬಾಯಲ್ಲಿ ಇರುವುದಕ್ಕೆ ಈ ಮೂವರು ಕಾರಣ. ಬಸ್ಬಿ 1909ರಲ್ಲಿ ಬೆಲ್ಸ್‌ಹಿಲ್ ಹತ್ತಿರದ ಆರ್ಬಿಸ್ಟನ್‌ನಲ್ಲಿ, ಶ್ಯಾಂಕ್ಲಿ 1913ರಲ್ಲಿ ಗ್ಲೆನ್‌ಬಕ್‌ನಲ್ಲಿ, ಸ್ಟೀನ್ 1922ರಲ್ಲಿ ಬರ್ನ್‌ಬ್ಯಾಂಕ್‌ನಲ್ಲಿ ಹುಟ್ಟಿದರು. ಎಲ್ಲವೂ ಸ್ಕಾಟ್ಲೆಂಡಿನ ನೈಋತ್ಯದ ಕಲ್ಲಿದ್ದಲು ಹಳ್ಳಿಗಳು. ಇಂದಿನ ರಸ್ತೆಯಲ್ಲಿ ಕಾರಿನಲ್ಲಿ ಹೊರಟರೆ ಅರ್ಧ ದಿನದಲ್ಲಿ ಮೂರನ್ನೂ ಸುತ್ತಿ ಬರಬಹುದು.

ಆ ಊರುಗಳ ಬದುಕನ್ನು ಕನ್ನಡಿಗರಿಗೆ ವಿವರಿಸುವುದು ಕಷ್ಟವಲ್ಲ. ಕೋಲಾರದ ಚಿನ್ನದ ಗಣಿಯ ಮನೆಗಳಲ್ಲಿ ಪಾಳಿಗೆ ಹೋದವನು ಮೇಲೆ ಬರುವವರೆಗೆ ಒಲೆಯ ಮುಂದೆ ಕೂತವರ ಕಿವಿ ಸೈರನ್ನಿನ ಕಡೆಗೇ ಇರುತ್ತಿತ್ತು. ಲ್ಯಾನಾರ್ಕ್‌ಷೈರ್‌ನ ಗಣಿ ಮನೆಗಳೂ ಹಾಗೆಯೇ ಕಾದು ಬದುಕಿದವು. ಸ್ಟೀನ್ ಊರಿನ ಪಕ್ಕದ ಬ್ಲಾಂಟೈರ್‌ನಲ್ಲಿ 1877ರಲ್ಲಿ ಗಣಿ ಸ್ಫೋಟಿಸಿ 207 ಜನ ಸತ್ತಿದ್ದರು. ಹಳ್ಳಿಯ ಮಕ್ಕಳು ಆ ನೆನಪಿನ ನೆರಳಲ್ಲೇ ಬೆಳೆದರು. ಬಸ್ಬಿಯ ತಂದೆ ಗಣಿ ಕೆಲಸ ಬಿಟ್ಟು ಸೈನ್ಯ ಸೇರಿ 1917ರಲ್ಲಿ ಫ್ರಾನ್ಸ್‌ನ ಆರಾಸ್‌ನಲ್ಲಿ ಗುಂಡಿಗೆ ಬಲಿಯಾದರು. ತಾಯಿ ಅಮೆರಿಕಕ್ಕೆ ವಲಸೆ ಹೋಗಲು ಕಾಗದಪತ್ರ ಹಾಕಿ ಕಾಯುತ್ತಿದ್ದಾಗ ಹುಡುಗ ಗಣಿಗೆ ಇಳಿದ. 1928ರಲ್ಲಿ ಮ್ಯಾಂಚೆಸ್ಟರ್ ಸಿಟಿ ಕ್ಲಬ್ ಕರೆಯದಿದ್ದರೆ ಅವನ ಬಾಳು ಅಮೆರಿಕದ ಯಾವುದೋ ಊರಲ್ಲಿ ಸದ್ದಿಲ್ಲದೆ ಮುಗಿಯುತ್ತಿತ್ತೇನೋ.

ಶ್ಯಾಂಕ್ಲಿ ಗಣಿಯಲ್ಲಿ ಇದ್ದದ್ದು ಎರಡು ವರ್ಷದಷ್ಟು ಮಾತ್ರ. ಹತ್ತು ಮಕ್ಕಳ ಮನೆ, ಐವರು ಗಂಡುಮಕ್ಕಳು, ಐವರೂ ವೃತ್ತಿಪರ ಫುಟ್‌ಬಾಲ್ ಆಟಗಾರರಾದರು. ಗ್ಲೆನ್‌ಬಕ್ ಎಂಬ ಆ ಪುಟ್ಟ ಹಳ್ಳಿ ಐವತ್ತರಷ್ಟು ವೃತ್ತಿಪರರನ್ನು ಕೊಟ್ಟಿದೆ. ಹಳ್ಳಿಯ ತಂಡದ ಹೆಸರು ಚೆರ್ರಿಪಿಕರ್ಸ್. ಈಗ ಅಲ್ಲಿ ಊರೇ ಇಲ್ಲ. ಗಣಿಗಳು ಮುಚ್ಚಿದವು, ಜನ ಹೊರಟುಹೋದರು, ಆಮೇಲೆ ತೆರೆದ ಗಣಿಗಾರಿಕೆ ನೆಲವನ್ನೇ ನುಂಗಿತು.

ಸ್ಟೀನ್ ಮಾತ್ರ ಹತ್ತು ವರ್ಷಕ್ಕೂ ಹೆಚ್ಚು ಕಾಲ ನೆಲದಡಿ ದುಡಿದರು. ವಾರವಿಡೀ ಗಣಿ, ಶನಿವಾರ ಆಲ್ಬಿಯನ್ ರೋವರ್ಸ್ ಎಂಬ ಸಣ್ಣ ಕ್ಲಬ್ಬಿನಲ್ಲಿ ಆಟ. ಕತ್ತಲಲ್ಲಿ ಪಕ್ಕದವನ ಎಚ್ಚರವೇ ನಿನ್ನ ಜೀವ, ನಿನ್ನ ಎಚ್ಚರವೇ ಅವನ ಜೀವ ಎಂಬುದನ್ನು ಅಲ್ಲಿ ಕಲಿತೆ ಎಂಬ ಭಾವದ ಮಾತನ್ನು ಅವರು ಕೊನೆಯವರೆಗೂ ಆಡುತ್ತಿದ್ದರು. ಗಣಿಯಲ್ಲಿ ತನ್ನ ಜೊತೆ ದುಡಿದವರಿಗಿಂತ ಒಳ್ಳೆಯ ಜನರ ನಡುವೆ ತಾನೆಂದೂ ಇರಲಿಲ್ಲ ಎಂಬುದು ಅವರ ನಂಬಿಕೆ. ಶ್ಯಾಂಕ್ಲಿ ಇದನ್ನೇ ಸಮಾಜವಾದ ಎಂದು ಕರೆದರು. ಎಲ್ಲರೂ ಎಲ್ಲರಿಗಾಗಿ ದುಡಿಯುವುದು, ಬಂದದ್ದರಲ್ಲಿ ಎಲ್ಲರಿಗೂ ಪಾಲು ಸಿಗುವುದು. ಅವರಿಗೆ ಫುಟ್‌ಬಾಲ್ ಅಂದರೂ ಅದೇ.

ಸ್ಟೀನ್ ಸೆಲ್ಟಿಕ್‌ಗೆ ಮ್ಯಾನೇಜರ್ ಆಗಿ ಬಂದದ್ದು 1965ರ ಮಾರ್ಚ್‌ನಲ್ಲಿ. ಐರಿಷ್ ಕ್ಯಾಥೊಲಿಕ್ ವಲಸಿಗರ ಕ್ಲಬ್ ಅದು. ಅದರ ಮ್ಯಾನೇಜರ್ ಆದ ಮೊದಲ ಪ್ರಾಟೆಸ್ಟೆಂಟ್ ಸ್ಟೀನ್. ಗ್ಲಾಸ್ಗೊ ನಗರದಲ್ಲಿ ಇದು ಸಣ್ಣ ಮಾತಲ್ಲ. ಅಲ್ಲಿ ನಿನ್ನ ಧರ್ಮ ಯಾವುದೆಂದು ನಿನ್ನ ಕ್ಲಬ್ಬೇ ಹೇಳುತ್ತಿತ್ತು. ಅದಕ್ಕೆ ಮೊದಲು ಸೆಲ್ಟಿಕ್ ಕೊನೆಯ ಬಾರಿ ಲೀಗ್ ಗೆದ್ದದ್ದು 1954ರಲ್ಲಿ, ಆಗ ನಾಯಕರಾಗಿದ್ದವರು ಇದೇ ಸ್ಟೀನ್. ಅವರು ಮರಳಿ ಬಂದ ಮೇಲೆ 1966ರಿಂದ 1974ರವರೆಗೆ ಒಂದು ವರ್ಷವೂ ಬಿಡದೆ ಒಂಬತ್ತು ಸಲ ಲೀಗ್ ಗೆದ್ದರು.

1967ರ ಮೇ 25ರಂದು ಲಿಸ್ಬನ್‌ನಲ್ಲಿ ಯೂರೋಪಿಯನ್ ಕಪ್ ಫೈನಲ್. ಎದುರಿಗೆ 1964, 1965ರ ಚಾಂಪಿಯನ್ ಇಂಟರ್ ಮಿಲಾನ್. ಗೋಲು ಬಿಟ್ಟುಕೊಡದ ರಕ್ಷಣೆಗೆ ಹೆಸರಾಗಿದ್ದ ತಂಡ. ಏಳನೇ ನಿಮಿಷಕ್ಕೆ ಮಜ್ಜೋಲಾ ಪೆನಾಲ್ಟಿಯಲ್ಲಿ ಗೋಲು ಹೊಡೆದಾಗ ಪಂದ್ಯ ಮುಗಿಯಿತೆಂದೇ ಬಹಳ ಜನ ಎಣಿಸಿದರು. ಸೆಲ್ಟಿಕ್ ಹಿಂಜರಿಯಲಿಲ್ಲ. ಅಲೆಯ ಮೇಲೆ ಅಲೆಯಾಗಿ ನುಗ್ಗಿ ಜೆಮ್ಮೆಲ್ ಮತ್ತು ಚಾಮರ್ಸ್ ಹೊಡೆದ ಗೋಲುಗಳಿಂದ 2–1ರಲ್ಲಿ ಗೆದ್ದರು. ಬ್ರಿಟನ್ನಿನ ಯಾವ ಕ್ಲಬ್ಬೂ ಅದಕ್ಕೆ ಮೊದಲು ಆ ಕಪ್ ಎತ್ತಿರಲಿಲ್ಲ. ಆಡಿದ ಹನ್ನೊಂದು ಜನವೂ ಸೆಲ್ಟಿಕ್ ಮೈದಾನದಿಂದ ಮೂವತ್ತು ಮೈಲಿಯೊಳಗೆ ಹುಟ್ಟಿದವರು. ಇಂಥದೊಂದು ಇನ್ನು ಮುಂದೆ ನಡೆಯಲಾರದು. ಪಂದ್ಯ ಮುಗಿದ ಮೇಲೆ ಡ್ರೆಸಿಂಗ್ ರೂಮಿಗೆ ಬಂದು, ಇನ್ನು ನಿನಗೆ ಸಾವಿಲ್ಲ ಎಂದು ಸ್ಟೀನ್‌ರನ್ನು ಅಭಿನಂದಿಸಿದವರು ಶ್ಯಾಂಕ್ಲಿ.

ಆದರೆ ಸ್ಟೀನ್ ಎಂಥವರೆಂದು ತಿಳಿಯಲು ನಾನು ಲಿಸ್ಬನ್‌ಗೆ ಹೋಗುವುದಿಲ್ಲ, 1968ರ ನವೆಂಬರ್‌ನ ಒಂದು ಸಂಜೆಗೆ ಹೋಗುತ್ತೇನೆ. ಸೆಲ್ಟಿಕ್‌ನ ವಿಂಗರ್ ಜಿಮ್ಮಿ ಜಾನ್‌ಸ್ಟನ್ ಕುಳ್ಳನೆಯ, ಕೆಂಪು ಕೂದಲಿನ ಆಟಗಾರ. ಚೆಂಡು ಕಾಲಿಗೆ ಸಿಕ್ಕಿದರೆ ಎದುರಾಳಿಗಳು ಕಕ್ಕಾಬಿಕ್ಕಿ. ಅವರಿಗೆ ಎರಡು ದೌರ್ಬಲ್ಯ. ಒಂದು ಕುಡಿತ, ಇನ್ನೊಂದು ವಿಮಾನದ ಭಯ. ಮೊದಲನೆಯದಕ್ಕೆ ಸ್ಟೀನ್ ಕಂಡುಕೊಂಡ ಉಪಾಯ ಊರಿನ ಪಬ್‌ಗಳಿಗೆ ಫೋನ್ ಮಾಡಿ ಹುಡುಕಿಸುವುದು. ಸ್ವತಃ ಹನಿಯನ್ನೂ ಮುಟ್ಟದ ಸ್ಟೀನ್‌ಗೆ ಯಾವ ಆಟಗಾರ ಎಲ್ಲಿ ಕೂತಿದ್ದಾನೆಂಬ ಸುದ್ದಿ ಹೇಗೋ ಬಂದು ಮುಟ್ಟುತ್ತಿತ್ತು.

ಎರಡನೆಯದನ್ನು ಅವರು ಬೇರೆಯೇ ರೀತಿ ನಿಭಾಯಿಸಿದರು. ಯೂರೋಪಿಯನ್ ಕಪ್ಪಿನಲ್ಲಿ ಬೆಲ್‌ಗ್ರೇಡ್‌ನ ರೆಡ್ ಸ್ಟಾರ್ ಎದುರಾಳಿ. ಮೊದಲ ಪಂದ್ಯ ಗ್ಲಾಸ್ಗೊದಲ್ಲಿ, ಎರಡನೆಯದು ಬೆಲ್‌ಗ್ರೇಡ್‌ನಲ್ಲಿ. ಆ ಪ್ರಯಾಣದ ಯೋಚನೆಯಲ್ಲೇ ಜಾನ್‌ಸ್ಟನ್ ಕಂಗೆಟ್ಟಿದ್ದರು. ವಿರಾಮದ ವೇಳೆಗೆ 1–1. ಸ್ಟೀನ್ ಅವರನ್ನು ಪಕ್ಕಕ್ಕೆ ಕರೆದು ಹೇಳಿದ್ದಿಷ್ಟು: ಇವತ್ತು ನಾಲ್ಕು ಗೋಲುಗಳ ಅಂತರದಿಂದ ಗೆದ್ದರೆ ನೀನು ಬೆಲ್‌ಗ್ರೇಡ್‌ಗೆ ಬರುವುದು ಬೇಡ. ಮುಂದಿನ ನಲವತ್ತೈದು ನಿಮಿಷ ಜಾನ್‌ಸ್ಟನ್ ಹುಚ್ಚು ಹಿಡಿದವರಂತೆ ಆಡಿದರು. ತಾವೇ ಎರಡು ಗೋಲು ಹೊಡೆದರು, ಉಳಿದವರಿಗೆ ಅವಕಾಶ ಮಾಡಿಕೊಟ್ಟರು. ಪಂದ್ಯ 5–1ರಲ್ಲಿ ಮುಗಿಯಿತು. ಜಾನ್‌ಸ್ಟನ್ ಮನೆಯಲ್ಲೇ ಉಳಿದರು, ಬೆಲ್‌ಗ್ರೇಡ್‌ನಲ್ಲಿ ಸೆಲ್ಟಿಕ್ ಅವರಿಲ್ಲದೆ ಡ್ರಾ ಮಾಡಿಕೊಂಡು ಬಂತು.

ಬೇರೆಯವರಾಗಿದ್ದರೆ ಭಯವನ್ನು ಹೀಯಾಳಿಸುತ್ತಿದ್ದರು, ಇಲ್ಲವೇ ದಂಡ ಹಾಕುತ್ತಿದ್ದರು. ಇದು ಇವನೊಳಗಿನ ನಿಜವಾದ ಭಯ, ಗದರಿಸಿದರೆ ಹೋಗುವಂಥದ್ದಲ್ಲ ಎಂದು ಸ್ಟೀನ್ ಅರಿತಿದ್ದರು. ಆ ಭಯವನ್ನೇ ಆಟದ ಕಡೆ ಹೊರಳಿಸಿದರು. ಇಂಥ ಕೆಲಸ ಯಾವ ಕೋಚಿಂಗ್ ಪ್ರಮಾಣಪತ್ರದಿಂದಲೂ ಬರುವುದಿಲ್ಲ. ಗಣಿಯಲ್ಲಿ ಪಕ್ಕದವನ ಉಸಿರಾಟ ಕೇಳಿಯೇ ಅವನ ಸ್ಥಿತಿ ತಿಳಿದುಕೊಳ್ಳಬೇಕಾಗಿದ್ದವರಿಗೆ ಬರುತ್ತದೆ ಎಂದು ನನಗೆ ಅನ್ನಿಸುತ್ತದೆ.

ಬಸ್ಬಿಯ ಬದುಕಿನ ಬಗ್ಗೆ ಬರೆಯುವಾಗ ಕೈ ತಾನಾಗಿ ನಿಧಾನವಾಗುತ್ತದೆ. 1945ರಲ್ಲಿ, ತಮ್ಮ 36ನೇ ವಯಸ್ಸಿನಲ್ಲಿ, ಅವರು ಮ್ಯಾಂಚೆಸ್ಟರ್ ಯುನೈಟೆಡ್‌ಗೆ ಬಂದಾಗ ಆ ಕ್ಲಬ್ಬಿಗೆ ಆಡಲು ಮೈದಾನವೂ ಇರಲಿಲ್ಲ. ಜರ್ಮನ್ ಬಾಂಬು ಓಲ್ಡ್ ಟ್ರ್ಯಾಫರ್ಡ್ ಅನ್ನು ಹಾಳುಗೆಡವಿತ್ತು. 1949ರವರೆಗೆ ಎದುರಾಳಿ ಸಿಟಿ ಕ್ಲಬ್ಬಿನ ಅಂಗಳದಲ್ಲೇ ಆಡಬೇಕಾಯಿತು. ತಂಡದ ಆಯ್ಕೆಯಲ್ಲಿ ನಿರ್ದೇಶಕರು ಕೈ ಹಾಕಬಾರದೆಂದು ಬಸ್ಬಿ ಮೊದಲೇ ಹೇಳಿ ಒಪ್ಪಿಸಿಕೊಂಡಿದ್ದರು. ಆಮೇಲೆ ಹಿಡಿದದ್ದು ಹುಡುಗರನ್ನು ಬೆಳೆಸುವ ದಾರಿ. ಶಾಲೆ ಬಿಟ್ಟ ಹುಡುಗರನ್ನು ಊರೂರಿಂದ ಕರೆತಂದರು, ಅವರ ತಾಯಂದಿರ ಜೊತೆ ಮಾತಾಡಿದರು, ಉಳಿಯಲು ಒಳ್ಳೆಯ ಮನೆ ಹುಡುಕಿಕೊಟ್ಟರು. ಎಫ್‌ಎ ಯೂತ್ ಕಪ್ ಶುರುವಾದ ಮೊದಲ ಐದು ವರ್ಷವೂ ಅದು ಯುನೈಟೆಡ್ ಪಾಲಾಯಿತು. 1956 ಮತ್ತು 1957ರಲ್ಲಿ ಆ ಹುಡುಗರೇ ಲೀಗ್ ಗೆದ್ದರು. ಪತ್ರಿಕೆಗಳು ಅವರನ್ನು ಬಸ್ಬಿಯ ಮಕ್ಕಳು ಎಂದು ಕರೆದವು.

ಯೂರೋಪಿಯನ್ ಕಪ್‌ಗೆ ಹೋಗುವುದು ಬೇಡವೆಂಬುದು ಇಂಗ್ಲಿಷ್ ಲೀಗಿನ ನಿಲುವಾಗಿತ್ತು. ಹಿಂದಿನ ವರ್ಷ ಚೆಲ್ಸಿ ಅದಕ್ಕೆ ತಲೆಬಾಗಿತ್ತು. ಬಸ್ಬಿ ಬಾಗಲಿಲ್ಲ. 1958ರ ಫೆಬ್ರುವರಿಯಲ್ಲಿ ಬೆಲ್‌ಗ್ರೇಡ್‌ನಲ್ಲಿ ರೆಡ್ ಸ್ಟಾರ್ ಎದುರು 3–3 ಡ್ರಾ ಮಾಡಿಕೊಂಡು ತಂಡ ಹಿಂದಿರುಗುತ್ತಿತ್ತು. ಶನಿವಾರದ ಲೀಗ್ ಪಂದ್ಯಕ್ಕೆ ಹೊತ್ತಿಗೆ ಸರಿಯಾಗಿ ಮುಟ್ಟಬೇಕಾಗಿತ್ತು. ಇಂಧನ ತುಂಬಲು ವಿಮಾನ ಮ್ಯೂನಿಕ್‌ನಲ್ಲಿ ಇಳಿಯಿತು. ಹಿಮ ಬೀಳುತ್ತಿತ್ತು. ಎರಡು ಸಲ ಮೇಲೇರಲು ಯತ್ನಿಸಿ ನಿಲ್ಲಿಸಿದರು. ಮೂರನೇ ಸಲ, ಫೆಬ್ರುವರಿ 6ರ ಮಧ್ಯಾಹ್ನ, ರನ್‌ವೇ ಮೇಲಿನ ಕೆಸರು ಹಿಮಕ್ಕೆ ಸಿಕ್ಕ ವಿಮಾನ ವೇಗ ಪಡೆಯಲಾರದೆ ಬೇಲಿ ದಾಟಿ ಮನೆಯೊಂದಕ್ಕೆ ಬಡಿಯಿತು. 23 ಜನ ತೀರಿಕೊಂಡರು. ಅವರಲ್ಲಿ ಎಂಟು ಜನ ಆಟಗಾರರು. ಎಲ್ಲರಿಗಿಂತ ದೊಡ್ಡ ಆಟಗಾರ ಆಗಲಿದ್ದ ಡಂಕನ್ ಎಡ್ವರ್ಡ್ಸ್ ಹದಿನೈದು ದಿನ ಸಾವಿನ ಜೊತೆ ಸೆಣಸಿ ಸೋತರು. ಅವರಿಗೆ ಇಪ್ಪತ್ತೊಂದು ವರ್ಷ.

ಬಸ್ಬಿಗೆ ಆಸ್ಪತ್ರೆಯಲ್ಲಿ ಎರಡು ಸಲ ಅಂತಿಮ ಪ್ರಾರ್ಥನೆ ಸಲ್ಲಿಸಲಾಯಿತು. ಬದುಕಿದರು. ಯಾರು ಯಾರು ಹೋದರೆಂದು ಅವರಿಗೆ ಬಹಳ ದಿನ ಹೇಳಿರಲಿಲ್ಲ. ಕಡೆಗೆ ಹೆಂಡತಿ ಜೀನ್ ಮುಂದೆ ಒಬ್ಬೊಬ್ಬರ ಹೆಸರನ್ನೂ ತಾವೇ ಹೇಳುತ್ತ ಹೋದರು. ಸತ್ತವರ ಹೆಸರು ಬಂದಾಗ ಆಕೆ ತಲೆಯಾಡಿಸಿದರು. ಆ ಹುಡುಗರ ತಾಯಂದಿರಿಗೆ ಮಾತು ಕೊಟ್ಟು ಕರೆತಂದವರು, ಯೂರೋಪಿಗೆ ಹೋಗೋಣವೆಂದು ಹಟ ಹಿಡಿದವರು ತಾವೇ. ಇನ್ನು ಫುಟ್‌ಬಾಲ್ ಬೇಡವೆಂದು ಬಸ್ಬಿ ನಿರ್ಧರಿಸಿದ್ದರು. ಸತ್ತ ಹುಡುಗರು ನೀವು ಕೆಲಸ ಬಿಡುವುದನ್ನು ಒಪ್ಪುತ್ತಿರಲಿಲ್ಲ ಎಂದು ಹೇಳಿ ಅವರನ್ನು ಮತ್ತೆ ಎಬ್ಬಿಸಿದವರು ಜೀನ್. ಅಲ್ಲಿಯವರೆಗೆ ತಂಡವನ್ನು ಹಿಡಿದು ನಿಲ್ಲಿಸಿದವರು ಸಹಾಯಕ ಜಿಮ್ಮಿ ಮರ್ಫಿ. ವೇಲ್ಸ್ ತಂಡದ ಹೊಣೆಯೂ ಅವರದಾಗಿತ್ತು. ಇಸ್ರೇಲ್ ಎದುರಿನ ಪಂದ್ಯಕ್ಕಾಗಿ ಕಾರ್ಡಿಫ್‌ನಲ್ಲಿ ಉಳಿದುದರಿಂದ ಆ ವಿಮಾನದಲ್ಲಿ ಅವರು ಇರಲಿಲ್ಲ. ಅಳಿದುಳಿದವರನ್ನು ಸೇರಿಸಿಕೊಂಡು ಮೂರು ತಿಂಗಳಲ್ಲಿ ಮರ್ಫಿ ಎಫ್‌ಎ ಕಪ್ ಫೈನಲ್ ತಲುಪಿದ್ದು ನನ್ನ ಮಟ್ಟಿಗೆ ಈ ವೃತ್ತಿಯ ಚರಿತ್ರೆಯಲ್ಲೇ ಅತಿ ದೊಡ್ಡ ಸಾಧನೆ. ಅದಕ್ಕೆ ಸಿಗಬೇಕಾದ ಹೆಸರು ಸಿಗಲೇ ಇಲ್ಲ.

ಹತ್ತು ವರ್ಷದ ಮೇಲೆ, 1968ರ ಮೇ 29ರಂದು, ವೆಂಬ್ಲಿಯಲ್ಲಿ ಬೆನ್‌ಫಿಕಾವನ್ನು 4–1ರಲ್ಲಿ ಸೋಲಿಸಿ ಯುನೈಟೆಡ್ ಯೂರೋಪಿಯನ್ ಕಪ್ ಗೆದ್ದಿತು. ಮ್ಯೂನಿಕ್‌ನಲ್ಲಿ ಬದುಕುಳಿದ ಬಾಬಿ ಚಾರ್ಲ್‌ಟನ್, ಬಿಲ್ ಫೌಲ್ಕ್ಸ್ ಆ ದಿನ ಮೈದಾನದಲ್ಲಿದ್ದರು. ಬಸ್ಬಿ ಮರುವರ್ಷ ಮ್ಯಾನೇಜರ್ ಹುದ್ದೆ ಬಿಟ್ಟರು. ಬಿಟ್ಟರು ಎನ್ನುವುದು ಅರ್ಧ ಸತ್ಯ. ಜನರಲ್ ಮ್ಯಾನೇಜರ್ ಎಂಬ ಹೆಸರಲ್ಲಿ ಅದೇ ಕಟ್ಟಡದಲ್ಲಿ, ಅದೇ ಕೋಣೆಯಲ್ಲಿ ಉಳಿದರು. ಉತ್ತರಾಧಿಕಾರಿ ವಿಲ್ಫ್ ಮೆಕ್‌ಗಿನ್ನೆಸ್‌ಗೆ ಆಗಿನ್ನೂ 31 ವರ್ಷ. ಅವರು ನಡೆಸಬೇಕಾಗಿದ್ದ ತಂಡದಲ್ಲಿ ಅವರ ಜೊತೆಗೇ ಆಡಿದ ಗೆಳೆಯರಿದ್ದರು. ಆಟಗಾರರು ದೂರು ಹೇಳಬೇಕೆಂದರೆ ಹಳೆಯ ಯಜಮಾನರ ಬಾಗಿಲು ತೆರೆದೇ ಇತ್ತು. 1970ರ ಡಿಸೆಂಬರ್‌ನಲ್ಲಿ ಮೆಕ್‌ಗಿನ್ನೆಸ್‌ರನ್ನು ಇಳಿಸಿದರು, ಬಸ್ಬಿ ಕೆಲ ತಿಂಗಳು ಮತ್ತೆ ತಂಡ ನಡೆಸಿದರು. ಬಸ್ಬಿಯನ್ನು ಎಷ್ಟು ಪ್ರೀತಿಸಿದರೂ ಈ ಒಂದು ವಿಷಯದಲ್ಲಿ ಆ ಹುಡುಗನಿಗೆ ಅನ್ಯಾಯವಾಯಿತೆಂದೇ ನಾನು ಹೇಳುತ್ತೇನೆ.

ಶ್ಯಾಂಕ್ಲಿ ಇದಕ್ಕೆ ತದ್ವಿರುದ್ಧ. ಅವರು ಪೂರ್ತಿ ಬಿಟ್ಟರು, ಬಿಟ್ಟು ನೊಂದರು. 1959ರ ಡಿಸೆಂಬರ್‌ನಲ್ಲಿ ಲಿವರ್‌ಪೂಲ್‌ಗೆ ಬಂದಾಗ ಕ್ಲಬ್ ಎರಡನೇ ದರ್ಜೆಯಲ್ಲಿತ್ತು, ಮೆಲ್‌ವುಡ್ ತರಬೇತಿ ಮೈದಾನ ಗಿಡಗಂಟಿ ಬೆಳೆದು ಪಾಳು ಬಿದ್ದಿತ್ತು. ಹೊಸಬರು ಬಂದರೆ ಹಳೆಯ ಸಿಬ್ಬಂದಿಯನ್ನು ಮನೆಗೆ ಕಳಿಸುವುದು ಆಗಲೂ ಈಗಲೂ ರೂಢಿ. ಶ್ಯಾಂಕ್ಲಿ ಬಾಬ್ ಪೇಸ್ಲಿ, ಜೋ ಫೇಗನ್, ರೂಬೆನ್ ಬೆನೆಟ್ ಮೂವರನ್ನೂ ಉಳಿಸಿಕೊಂಡರು. ಬೂಟುಗಳನ್ನು ಇಡುತ್ತಿದ್ದ ಸಣ್ಣ ಕೋಣೆಯಲ್ಲಿ ಕೂತು ಇವರು ಆಡಿದ ಮಾತಿನಿಂದಲೇ ಲಿವರ್‌ಪೂಲ್‌ನ ಮುಂದಿನ ಮೂವತ್ತು ವರ್ಷ ಹುಟ್ಟಿತು. ಆಟಗಾರರು ಕ್ಲಬ್ಬಿನ ಮೈದಾನ ಆನ್‌ಫೀಲ್ಡ್‌ನಲ್ಲಿ ಬಟ್ಟೆ ಬದಲಿಸಿ ಬಸ್ಸಿನಲ್ಲಿ ಮೆಲ್‌ವುಡ್‌ಗೆ ಹೋಗಿ, ಅಭ್ಯಾಸ ಮುಗಿಸಿ, ಬೆವರು ಆರಿದ ಮೇಲೆ ಮತ್ತೆ ಆನ್‌ಫೀಲ್ಡ್‌ಗೆ ಬಂದು ಸ್ನಾನ ಮಾಡಬೇಕು ಎಂಬುದು ನಿಯಮ. ದಣಿದ ಮೈ ನಿಧಾನವಾಗಿ ತಣಿದರೆ ಸ್ನಾಯು ಕೆಡುವುದಿಲ್ಲ ಎಂಬುದು ಅವರ ಲೆಕ್ಕ. 1965–66ರಲ್ಲಿ ಲೀಗ್ ಗೆಲ್ಲಲು ಲಿವರ್‌ಪೂಲ್‌ಗೆ ಬೇಕಾದದ್ದು ಇಡೀ ಋತುವಿಗೆ ಹದಿನಾಲ್ಕು ಆಟಗಾರರು.

ಅಭಿಮಾನಿಗಳ ಪತ್ರಗಳಿಗೆ ಶ್ಯಾಂಕ್ಲಿ ತಾವೇ ಟೈಪ್‌ರೈಟರ್ ಮುಂದೆ ಕೂತು ಉತ್ತರ ಬರೆಯುತ್ತಿದ್ದರು. ಆನ್‌ಫೀಲ್ಡ್‌ನ ಬಡ ಪ್ರೇಕ್ಷಕರನ್ನು ತನ್ನವರೆಂದೇ ತಿಳಿದಿದ್ದರು. ಇದೇ ಮನುಷ್ಯ ಗಾಯಗೊಂಡ ಆಟಗಾರರನ್ನು ಮಾತಾಡಿಸುತ್ತಿರಲಿಲ್ಲ ಎಂಬುದನ್ನೂ ಹೇಳಬೇಕು. ಮೈದಾನಕ್ಕೆ ಇಳಿಯಲಾರದವನು ಎದುರಿಗೆ ಬಂದರೂ ಇಲ್ಲದವನಂತೆ ನಡೆದುಕೊಳ್ಳುತ್ತಿದ್ದರು. ಬೇಗ ಗುಣವಾಗಲಿ ಎಂಬ ಉದ್ದೇಶ ಇದ್ದಿರಬಹುದು. ಗಾಯದ ನೋವಿನ ಮೇಲೆ ಒಂಟಿತನದ ನೋವನ್ನೂ ಹೇರುವುದನ್ನು ನನಗೆ ಒಪ್ಪಲಾಗುವುದಿಲ್ಲ. ಮುರಿದ ಎಲುಬಿನಲ್ಲಿ ಆಡಿದ ಜೆರಿ ಬರ್ನ್ ಅವರ ಕಣ್ಣಿಗೆ ವೀರ. ಆಡಲಾಗದವನು ಕಣ್ಣಿಗೇ ಬೀಳುತ್ತಿರಲಿಲ್ಲ.

1974ರ ಜುಲೈ 12ರಂದು, ಎಫ್‌ಎ ಕಪ್ ಗೆದ್ದ ಎರಡು ತಿಂಗಳಿಗೆ, ಶ್ಯಾಂಕ್ಲಿ ರಾಜೀನಾಮೆ ಕೊಟ್ಟರು. ವಯಸ್ಸು 60. ದಣಿದಿದ್ದರು, ಹೆಂಡತಿ ನೆಸ್ಸಿಗೂ ಸಾಕಾಗಿತ್ತು. ಊರಿನವರು ಸುದ್ದಿಯನ್ನು ನಂಬಲಿಲ್ಲ. ಕೆಲವೇ ವಾರಗಳಲ್ಲಿ ಶ್ಯಾಂಕ್ಲಿ ಎಂದಿನಂತೆ ಬೆಳಿಗ್ಗೆ ಮೆಲ್‌ವುಡ್‌ಗೆ ಬರತೊಡಗಿದರು. ಆಟಗಾರರು ಅಭ್ಯಾಸಬಲದಿಂದ ಅವರನ್ನೇ ಬಾಸ್ ಎಂದು ಕರೆದರು. ಹೊಸ ಮ್ಯಾನೇಜರ್ ಪೇಸ್ಲಿ ಅಲ್ಲೇ ನಿಂತಿರುತ್ತಿದ್ದರು. ಕಡೆಗೆ ಬರುವುದು ಬೇಡವೆಂದು ಶ್ಯಾಂಕ್ಲಿಗೆ ತಿಳಿಸಬೇಕಾಯಿತು. ಅವರ ಮನೆ ಇದ್ದದ್ದು ಎದುರಾಳಿ ಎವರ್ಟನ್ ಕ್ಲಬ್ಬಿನ ತರಬೇತಿ ಮೈದಾನದ ಪಕ್ಕ. ಅಲ್ಲಿ ಹೋದರೆ ಅವರು ಆದರದಿಂದ ಬರಮಾಡಿಕೊಳ್ಳುತ್ತಿದ್ದರು. ತಾನು ಕಟ್ಟಿದ ಕ್ಲಬ್ಬಿಗಿಂತ ಹೊರಗಿನವರೇ ತನ್ನನ್ನು ಚೆನ್ನಾಗಿ ನೋಡಿಕೊಂಡರೆಂಬ ನೋವು ಅವರಿಗೆ 1981ರಲ್ಲಿ ಸಾಯುವವರೆಗೂ ಇತ್ತು.

ಮ್ಯಾಂಚೆಸ್ಟರ್‌ನಲ್ಲಿ ಹಳಬರು ಉಳಿದದ್ದರಿಂದ ಹೊಸಬ ಸೋತ. ಲಿವರ್‌ಪೂಲ್‌ನಲ್ಲಿ ಹಳಬರನ್ನು ದೂರ ಇಟ್ಟದ್ದರಿಂದ ಪೇಸ್ಲಿ ಮೂರು ಯೂರೋಪಿಯನ್ ಕಪ್ ಗೆದ್ದರು. ಕ್ಲಬ್ಬಿನ ದೃಷ್ಟಿಯಿಂದ ಲಿವರ್‌ಪೂಲ್ ಮಾಡಿದ್ದೇ ಸರಿ ಎನ್ನಬೇಕಾಗುತ್ತದೆ. ಹಾಗೆನ್ನಲು ನನಗೆ ಸಂಕಟವಾಗುತ್ತದೆ. ಹದಿನೈದು ವರ್ಷ ದಿನಕ್ಕೆ ಹದಿನಾರು ಗಂಟೆ ಬೇರೆಯವರ ಮನಸ್ಸಿನಲ್ಲೇ ಬದುಕಿದವನಿಗೆ ತನ್ನದೆಂಬ ಮನಸ್ಸು ಎಲ್ಲಿ ಉಳಿದಿರುತ್ತದೆ? ಒಂದು ಪಿಂಚಣಿ, ಒಂದು ಬೀಳ್ಕೊಡುಗೆ ಊಟ ಅದಕ್ಕೆ ಪರಿಹಾರವಲ್ಲ.

ಕಾರ್ಡಿಫ್‌ನ ಆ ರಾತ್ರಿ ಸ್ಟೀನ್ ಪಕ್ಕದಲ್ಲಿದ್ದ ಫರ್ಗುಸನ್ ಗಣಿಯವರಲ್ಲ, ಗ್ಲಾಸ್ಗೊದ ಗೋವನ್‌ನ ಹಡಗುಕಟ್ಟೆಯವರು. ತಂದೆ ಹಡಗು ಕಟ್ಟುವ ಕಾರ್ಖಾನೆಯಲ್ಲಿ, ಮಗ ಉಪಕರಣ ತಯಾರಿಸುವ ಕಸುಬಿನಲ್ಲಿ. ಕಾರ್ಮಿಕ ಸಂಘದ ಪ್ರತಿನಿಧಿಯಾಗಿ ಮುಷ್ಕರಕ್ಕೂ ಇಳಿದವರು. ಸ್ಟೀನ್ ಅವರ ಗುರು. 1983ರಲ್ಲಿ ಅಬರ್ಡೀನ್ ತಂಡ ಗಾಟೆನ್‌ಬರ್ಗ್‌ನಲ್ಲಿ ರಿಯಲ್ ಮ್ಯಾಡ್ರಿಡ್ ಎದುರು ಕಪ್ ವಿನ್ನರ್ಸ್ ಕಪ್ ಫೈನಲ್ ಆಡುವಾಗ ಸ್ಟೀನ್ ಒಂದು ಬುದ್ಧಿಮಾತು ಹೇಳಿಕೊಟ್ಟರು. ಮ್ಯಾಡ್ರಿಡ್ ಮ್ಯಾನೇಜರ್ ಡಿ ಸ್ಟೆಫಾನೊ ಮಹಾನ್ ಆಟಗಾರ, ಅವರಿಗೊಂದು ಬಾಟಲಿ ಒಳ್ಳೆಯ ವಿಸ್ಕಿ ಉಡುಗೊರೆ ಕೊಡು, ನೀವು ಅಲ್ಲಿಗೆ ಬಂದದ್ದೇ ದೊಡ್ಡದು ಎಂದುಕೊಂಡಿದ್ದೀರೆಂದು ಅವರು ತಿಳಿಯಲಿ ಎಂದು. ಫರ್ಗುಸನ್ ಹಾಗೆಯೇ ಮಾಡಿದರು. ಅಬರ್ಡೀನ್ 2–1ರಲ್ಲಿ ಗೆದ್ದಿತು.

ಸ್ಟೀನ್ ಸತ್ತ ಮರುವರ್ಷ, 1986ರ ನವೆಂಬರ್‌ನಲ್ಲಿ, ಫರ್ಗುಸನ್ ಮ್ಯಾಂಚೆಸ್ಟರ್ ಯುನೈಟೆಡ್ ಸೇರಿದರು. ಬಸ್ಬಿ ಆಗಲೂ ಕ್ಲಬ್ಬಿನಲ್ಲಿದ್ದರು, ಬಾಯಲ್ಲಿ ಪೈಪು. ಪತ್ರಿಕೆಗಳು ಬೈಯುವಾಗ ಅದನ್ನು ಓದುವುದಾದರೂ ಯಾಕೆ ಎಂದು ಫರ್ಗುಸನ್‌ಗೆ ತಿಳಿಹೇಳಿದರಂತೆ. ಬೈಗುಳಕ್ಕೆ ಕಾರಣವೂ ಇತ್ತು. ಮೂರು ವರ್ಷ ಕಳೆದರೂ ಒಂದು ಕಪ್ ಬಂದಿರಲಿಲ್ಲ. 1990ರ ಎಫ್‌ಎ ಕಪ್ ಫೈನಲ್ ತಲುಪಿದಾಗ ಯುನೈಟೆಡ್‌ನ ಗೋಲ್‌ಕೀಪರ್ ಜಿಮ್ ಲೇಟನ್. ಅಬರ್ಡೀನ್‌ನಿಂದ ಫರ್ಗುಸನ್ ತಾವೇ ಕರೆತಂದವರು. ಕ್ರಿಸ್ಟಲ್ ಪ್ಯಾಲೇಸ್ ಎದುರು ಪಂದ್ಯ 3–3. ಲೇಟನ್ ಮನಸ್ಸು ಕುಗ್ಗಿದೆ ಎಂದು ಕಂಡ ಫರ್ಗುಸನ್, ಐದು ದಿನದ ಮೇಲಿನ ಮರುಪಂದ್ಯಕ್ಕೆ ಅವರನ್ನು ಕೈಬಿಟ್ಟು ಲೆಸ್ ಸೀಲಿಯನ್ನು ಇಳಿಸಿದರು. 1–0 ಗೆಲುವು. ಫರ್ಗುಸನ್‌ರ ಕೆಲಸ ಉಳಿಯಿತು, ಅಲ್ಲಿಂದ ಮುಂದಿನದು ಎಲ್ಲರಿಗೂ ಗೊತ್ತು. ಲೇಟನ್ ಯುನೈಟೆಡ್‌ಗೆ ಲೀಗ್ ಪಂದ್ಯ ಮತ್ತೆ ಆಡಲಿಲ್ಲ, ಆ ಮನುಷ್ಯನನ್ನು ಕ್ಷಮಿಸಲೂ ಇಲ್ಲ. ಫರ್ಗುಸನ್ ಓದಿದ್ದು ತಪ್ಪಿರಲಿಕ್ಕಿಲ್ಲ. ಆದರೆ ಅದೇ ಲೇಟನ್ 1998ರ ವಿಶ್ವಕಪ್ಪಿನ ಉದ್ಘಾಟನಾ ಪಂದ್ಯದಲ್ಲಿ ಬ್ರೆಜಿಲ್ ಎದುರು ಸ್ಕಾಟ್ಲೆಂಡ್ ಗೋಲು ಕಾದರು, ತಮ್ಮ 39ನೇ ವಯಸ್ಸಿನಲ್ಲಿ. ಮನುಷ್ಯನನ್ನು ಓದುವ ವಿದ್ಯೆ ಅವನನ್ನು ಎತ್ತಲೂ ಆಗುತ್ತದೆ, ತೆಗೆದುಹಾಕಲೂ ಆಗುತ್ತದೆ. ಮ್ಯಾನೇಜರ್ ಇವೆರಡನ್ನೂ ಮಾಡಬೇಕಾದವನು, ಅದೂ ಒಮ್ಮೊಮ್ಮೆ ಒಬ್ಬನಿಗೇ.

ಫರ್ಗುಸನ್ ಕಟ್ಟಿದ ಯುವಪಡೆಯಲ್ಲಿ ಪಳಗಿದ ಒಬ್ಬರನ್ನು ಬೆಂಗಳೂರು ಬಲ್ಲದು. ತೊಂಬತ್ತರ ದಶಕದಲ್ಲಿ ಯುನೈಟೆಡ್‌ನಲ್ಲಿ ಕಲಿತು ಅಲ್ಲಿನ ಮೊದಲ ತಂಡಕ್ಕೆ ಏರಲಾಗದೆ ಬೇರೆ ಕ್ಲಬ್ಬುಗಳಿಗೆ ಹೋದ ಆ್ಯಶ್ಲಿ ವೆಸ್ಟ್‌ವುಡ್, 2013ರಲ್ಲಿ ಹುಟ್ಟಿದ ಬೆಂಗಳೂರು ಎಫ್‌ಸಿಯ ಮೊದಲ ಕೋಚ್. ಮೊದಲ ವರ್ಷವೇ ಐ-ಲೀಗ್ ಗೆಲ್ಲಿಸಿದರು, 2015–16ರಲ್ಲಿ ಮತ್ತೊಮ್ಮೆ. ಆಟಗಾರರ ಊಟ, ನಿದ್ದೆ, ಮೈಯ ಕೊಬ್ಬು ಎಲ್ಲದರ ಲೆಕ್ಕ ಇಡುವ ಶಿಸ್ತು ನಮ್ಮ ಮೈದಾನದಲ್ಲಿ ಆಗ ಹೊಸದು.

ಬಸ್ಬಿ, ಶ್ಯಾಂಕ್ಲಿಯರಂತೆ ಫರ್ಗುಸನ್ ಕೂಡ ಕೆಲಸವನ್ನು ಸುಲಭಕ್ಕೆ ಬಿಟ್ಟವರಲ್ಲ. 2002ಕ್ಕೆ ನಿವೃತ್ತಿ ಎಂದು ಸಾರಿದ್ದರು. ಹೆಂಡತಿ ಕ್ಯಾಥಿ ಮತ್ತು ಮಕ್ಕಳು ಕೂತು ಮಾತಾಡಿ ಆ ಯೋಚನೆ ಬಿಡಿಸಿದರು. ಮನೆಯಲ್ಲಿ ಕೂತು ಈ ಮನುಷ್ಯ ಏನು ಮಾಡಿಯಾನು ಎಂದು ಅವರಿಗೆ ತಿಳಿದಿತ್ತು. 2012ರಲ್ಲಿ ಕ್ಯಾಥಿಯ ಅಕ್ಕತಂಗಿಯರಲ್ಲಿ ಒಬ್ಬರು ತೀರಿಕೊಂಡರು, ಕ್ಯಾಥಿ ಒಂಟಿಯಾದರು. ಇಷ್ಟು ವರ್ಷ ತನಗಾಗಿ ಕಾದವಳ ಜೊತೆ ಇರಬೇಕೆಂದು ಫರ್ಗುಸನ್ ತೀರ್ಮಾನಿಸಿದರು. 2013ರ ಮೇ ತಿಂಗಳಲ್ಲಿ, ಹದಿಮೂರನೇ ಲೀಗ್ ಗೆದ್ದು, ಯುನೈಟೆಡ್ ಮ್ಯಾನೇಜರ್ ಆಗಿ 1,500 ಪಂದ್ಯ ಮುಗಿಸಿ ಹೊರಟರು. ಬಸ್ಬಿ ಬಳಿ ಕಂಡದ್ದನ್ನು, ಶ್ಯಾಂಕ್ಲಿ ಬಗ್ಗೆ ಕೇಳಿದ್ದನ್ನು ಅವರು ಮರೆತಿರಲಿಲ್ಲ ಎಂದು ಕಾಣುತ್ತದೆ. ಕೊನೆಯ ದಿನ ಓಲ್ಡ್ ಟ್ರ್ಯಾಫರ್ಡ್‌ನಲ್ಲಿ ಮೈಕ್ ಹಿಡಿದು ಜನರಲ್ಲಿ ಒಂದು ಮಾತು ಕೇಳಿಕೊಂಡರು. ನನ್ನ ಕೆಟ್ಟ ದಿನಗಳಲ್ಲಿ ಈ ಕ್ಲಬ್ ನನ್ನ ಜೊತೆ ನಿಂತಿತು, ಹೊಸ ಮ್ಯಾನೇಜರ್ ಜೊತೆ ನಿಲ್ಲುವುದು ಈಗ ನಿಮ್ಮ ಕೆಲಸ ಎಂದು.

ಹೊಸ ಮ್ಯಾನೇಜರ್ ಡೇವಿಡ್ ಮಾಯ್ಸ್, ಅವರೂ ಗ್ಲಾಸ್ಗೊದವರು, ಫರ್ಗುಸನ್ ತಾವೇ ಆರಿಸಿದವರು. ಒಪ್ಪಂದ ಆರು ವರ್ಷದ್ದು. 2014ರ ಏಪ್ರಿಲ್ 22ರಂದು, ಹತ್ತು ತಿಂಗಳು ತುಂಬುವ ಮೊದಲೇ, ಕ್ಲಬ್ ಅವರನ್ನು ತೆಗೆದುಹಾಕಿತು. ಬಸ್ಬಿಗೆ ಕಪ್ ಇಲ್ಲದೆ ಕಳೆಯಲು, ಫರ್ಗುಸನ್‌ಗೆ ಮೂರೂವರೆ ವರ್ಷ ಕಾಯಲು ಸಿಕ್ಕ ಬಿಡುವು ಮಾಯ್ಸ್‌ಗೆ ಸಿಗಲಿಲ್ಲ. ಮುಂದಿನ ಹತ್ತು ವರ್ಷದಲ್ಲಿ ಒಬ್ಬರಾದ ಮೇಲೊಬ್ಬರು ಮ್ಯಾನೇಜರ್ ಬಂದು ಹೋದರೂ ಯುನೈಟೆಡ್ ಒಂದೇ ಒಂದು ಲೀಗ್ ಗೆಲ್ಲಲಿಲ್ಲ. ಮಾಯ್ಸ್ ಸ್ಪೇನ್‌ಗೆ ಹೋದರು, ಅಲ್ಲೂ ಕೆಲಸ ಕಳೆದುಕೊಂಡರು. ಸಂಡರ್‌ಲ್ಯಾಂಡ್‌ನಲ್ಲಿ ಸೋತರು. ವೆಸ್ಟ್ ಹ್ಯಾಮ್‌ಗೆ ಎರಡು ಸಲ ಹೋಗಿ ಎರಡನೇ ಸಲ 2023ರಲ್ಲಿ ಯೂರೋಪಿನ ಕಪ್ ಒಂದನ್ನು ಗೆದ್ದರು. 2025ರ ಜನವರಿಯಲ್ಲಿ, 61ನೇ ವಯಸ್ಸಿನಲ್ಲಿ, ತಾವು ಹಿಂದೆ ಹನ್ನೊಂದು ವರ್ಷ ದುಡಿದಿದ್ದ ಎವರ್ಟನ್‌ಗೆ ಮ್ಯಾನೇಜರ್ ಆಗಿ ಮತ್ತೆ ಸೇರಿಕೊಂಡರು.